ಗಂಟಲು ಕಟ್ಟಿದ ಹಾಡುಗಾರ ಮತ್ತು ನನ್ನ ಗಿಟಾರ್ ಕ್ಲಾಸು

ಚಳ್ಳಕೆರೆಯಲ್ಲಿ ಗಿಟಾರ್ ಕ್ಲಾಸ್ ಶುರು ಮಾಡಿದಾಗ ನನ್ನ ಬಳಿ ಬಂದ ಮೊದಲ ಮನುಷ್ಯನಿಗೆ ದವಡೆ ಊದಿಕೊಂಡಿತ್ತು. ಎಣ್ಣೆ ಮಿಲ್ಲಿನ ಮೇಲೆ ನಾನು ಕ್ಲಾಸಿಗೆ ಹಿಡಿದ ಕೋಣೆಯಲ್ಲಿ ನನಗಿಂತ ಮುಂಚೆ ಹಲ್ಲಿನ ಡಾಕ್ಟರೊಬ್ಬರಿದ್ದರು. ಅವರು ಊರು ಬಿಡುವಾಗ ಉಪಕರಣಗಳನ್ನೆಲ್ಲ ಕಟ್ಟಿಕೊಂಡು ಹೋದರು, ರೋಗಿಗಳು ಒರಗುವ ದೊಡ್ಡ ಕುರ್ಚಿಯನ್ನು ಮಾತ್ರ ಮೆಟ್ಟಿಲಲ್ಲಿ ಇಳಿಸಲಾಗದೆ ಬಿಟ್ಟು ಹೋದರು. ಬಂದಾತ ಸೀದಾ ಅದರ ಮೇಲೆ ಒರಗಿ ಬಾಯಿ ತೆರೆದ. ನಾನು ಗಿಟಾರ್ ಹಿಡಿದುಕೊಂಡು ಪಕ್ಕಕ್ಕೆ ಬಂದು ನಿಂತೆ. ಅವನ ಕಣ್ಣು ದೊಡ್ಡದಾಯಿತು.

"ಇದ್ಯಾತಕ್ಕೆ ಸಾರ್?" ಎಂದ.

ಸಿದ್ದಾಪುರದ ಪಾಲಯ್ಯ ಅವನು. ಕುರಿ ಸಂತೆಗೆ ಬಂದಿದ್ದ. ಹಲ್ಲನ್ನು ಬೇರೆ ಕಡೆ ಕೀಳಿಸಿಕೊಂಡು, ಮುಂದಿನ ತಿಂಗಳು ಸಂತೆಗೆ ಬಂದಾಗ ಮತ್ತೆ ಮೆಟ್ಟಿಲು ಹತ್ತಿದ. "ಅವತ್ತು ನಿಮ್ಮ ಕೈಯಾಗೆ ಇತ್ತಲ್ಲ, ಅದನ್ನ ಒಸಿ ಬಾರ್ಸಿ" ಎಂದ. ಬಾರಿಸಿದೆ. ಹೀಗೆ ನನಗೆ ಮೊದಲ ಶಿಷ್ಯ ಸಿಕ್ಕಿದ.

ಆ ಕೋಣೆಯಲ್ಲಿ ಮೂವತ್ತೊಂದು ವರ್ಷ ಗಿಟಾರ್ ಹೇಳಿಕೊಟ್ಟು, ಹೋದ ವರ್ಷ ಬೀಗದ ಕೈಯನ್ನು ಶಿಷ್ಯರಿಗೆ ಒಪ್ಪಿಸಿ ಮನೆಗೆ ಬಂದೆ. ಈಗ ಅಕ್ಕಪಕ್ಕದ ಊರುಗಳಲ್ಲಿ ಸಂಗೀತದ ಕ್ಲಾಸು ತೆರೆಯುವ ಹುಡುಗ ಹುಡುಗಿಯರು ಫೋನ್ ಮಾಡಿ "ಸಾರ್, ಏನಾದ್ರೂ ಟಿಪ್ಸ್ ಕೊಡಿ" ಎನ್ನುತ್ತಾರೆ. ನನ್ನ ಹತ್ತಿರ ಟಿಪ್ಸ್ ಕಡಿಮೆ, ಮಾಡಿದ ತಪ್ಪುಗಳ ದಾಸ್ತಾನು ಜಾಸ್ತಿ. ಅದರಲ್ಲಿ ಒಂದು ಬಹಳ ದೊಡ್ಡದು, ಇಪ್ಪತ್ತೆರಡು ವರ್ಷ ಬಾಳಿದ್ದು. ಅದಕ್ಕೆ ಬರುವ ಮುಂಚೆ ಚಿಕ್ಕದೊಂದನ್ನು ಹೇಳಿಬಿಡುತ್ತೇನೆ.

ಕೆಳಗಿನ ಮಿಲ್ಲಿನಲ್ಲಿ ಕಡಲೆಕಾಯಿ ಎಣ್ಣೆ ತೆಗೆಯುವ ಯಂತ್ರ ಬೆಳಗಿನಿಂದ ಸಂಜೆಯ ತನಕ ಧಡ್ ಧಡ್ ಎನ್ನುತ್ತಿತ್ತು. ತಾಳದ ಯಂತ್ರ ಕೊಳ್ಳುವ ಖರ್ಚು ಉಳಿಯಿತು ಎಂದು ನಾನು ಹಿಗ್ಗಿದೆ. ಯಂತ್ರದ ಒಂದೊಂದು ಪೆಟ್ಟಿಗೆ ಒಂದೊಂದು ಮೀಟು ಅಂತ ಶಿಷ್ಯರಿಗೆ ಹೇಳಿಕೊಟ್ಟೆ. ಚೆನ್ನಾಗಿಯೇ ಕಲಿತರು. ಮೊದಲ ವರ್ಷದ ಕೊನೆಗೆ ಒಂದು ಕಲ್ಯಾಣ ಮಂಟಪದಲ್ಲಿ ಕಾರ್ಯಕ್ರಮ ಇಟ್ಟುಕೊಂಡೆವು. ಎಂಟು ಜನ ವೇದಿಕೆ ಹತ್ತಿದರು, ಎಂಟು ಜನರೂ ಒಂದೇ ಹಾಡನ್ನು ಎಂಟು ವೇಗದಲ್ಲಿ ನುಡಿಸಿದರು. ಮಿಲ್ಲಿಲ್ಲದೆ ಅವರಿಗೆ ತಾಳವೇ ಇರಲಿಲ್ಲ. ಮುಂದಿನ ವಾರದಿಂದ ಕಾಲಿನಿಂದ ನೆಲ ತಟ್ಟುವುದನ್ನು ಕಲಿಸಿದೆ. ಮಿಲ್ಲಿನ ಮಾಲೀಕರು ಮೇಲೆ ಬಂದು, "ಏನ್ರೀ ಮೇಷ್ಟ್ರೇ, ನಮ್ ಮಿಷಿನ್ನಿಗಿಂತ ನಿಮ್ದೇ ಜಾಸ್ತಿ ಆಯ್ತಲ್ಲ" ಎಂದರು.

ನಾನು ಕಲಿಸುತ್ತಿದ್ದುದು ಹಳೆಯ ಇಂಗ್ಲಿಷ್ ರಾಕ್ ಬ್ಯಾಂಡುಗಳ ಹಾಡುಗಳನ್ನು. ಸಿನಿಮಾ ಹಾಡು ಕಲಿಸಿದ್ದರೆ ಇನ್ನೂ ನಾಲ್ಕು ಜನ ಬರುತ್ತಿದ್ದರು, ನಿಜ. ಆದರೆ ನನಗೆ ಈ ಹುಚ್ಚು ಹಿಡಿಸಿದವರು ಗುಂತಕಲ್ಲಿನ ರೈಲ್ವೆ ಕಾಲೊನಿಯ ಒಬ್ಬ ನಿವೃತ್ತ ಗಾರ್ಡ್. ಎಲ್ಲರೂ ಅವರನ್ನು ಗಾರ್ಡ್ ಸಾಹೇಬರು ಎನ್ನುತ್ತಿದ್ದರು, ನಾನೂ ಹಾಗೇ ಕರೆಯುತ್ತೇನೆ. ಹರೆಯದಲ್ಲಿ ನಾನೊಂದು ಆರ್ಕೆಸ್ಟ್ರಾದಲ್ಲಿದ್ದೆ. ಗುಂತಕಲ್ಲಿನ ಮದುವೆಯೊಂದಕ್ಕೆ ಹೋದಾಗ ಅವರ ವರಾಂಡದಿಂದ ಬಂದ ಗಿಟಾರಿನ ಸದ್ದಿಗೆ ಬೀದಿಯಲ್ಲಿ ನಿಂತವನು, ಮದುವೆ ಊಟವನ್ನೂ ತಪ್ಪಿಸಿಕೊಂಡೆ, ಊರಿಗೆ ಬರುವ ಬಸ್ಸನ್ನೂ ತಪ್ಪಿಸಿಕೊಂಡೆ. ಆಮೇಲೆ ಎರಡು ವರ್ಷ, ಪ್ರತಿ ಶನಿವಾರ, ರಾಯದುರ್ಗದ ಮೇಲೆ ಅಲ್ಲಿಗೆ ಹೋಗಿ ಕಲಿತೆ.

ಮೊದಲ ದಿನ ಗಿಟಾರಿಗೆ ಕೈ ಚಾಚಿದೆ. ಮುಂಗೈ ಮೇಲೆ ಒಂದು ಏಟು ಬಿತ್ತು. "ಕಥ ತೆಲಿಯಕುಂಡಾ ತೀಗ ಮುಟ್ಟೊದ್ದು!" ಕಥೆ ತಿಳಿಯದೆ ತಂತಿ ಮುಟ್ಟಬೇಡ ಎಂಬುದು ಅವರ ಮನೆಯ ಕಾನೂನು. ಹಾಡನ್ನು ಯಾರು ಕಟ್ಟಿದರು, ಎಲ್ಲಿ ಕೂತು ಕಟ್ಟಿದರು, ಆಗ ಅವರ ಕಷ್ಟಸುಖ ಏನಿತ್ತು, ಇಷ್ಟನ್ನೂ ಅವರು ಮೊದಲು ಹೇಳುತ್ತಿದ್ದರು. ಎಲ್ಲವೂ ಹಳೆಯ ರೆಕಾರ್ಡಿನ ಕವರುಗಳಿಂದ, ಇಂಗ್ಲಿಷ್ ಪತ್ರಿಕೆಗಳಿಂದ ಅವರು ಓದಿ ತಿಳಿದದ್ದು. ನಾನು ಅದನ್ನು ತಿರುಗಿ ಒಪ್ಪಿಸಬೇಕು. ಒಂದು ವಿಷಯ ತಪ್ಪಿದರೂ ಆ ಶನಿವಾರ ಪಾಠವಿಲ್ಲ. ಸಾಲಾಗಿ ಮೂರು ವಾರ ಬರೀ ಕಥೆ ಒಪ್ಪಿಸಿ ವಾಪಸ್ ಬಂದದ್ದೂ ಉಂಟು. ಬೈದುಕೊಂಡೇ ಬಸ್ ಹತ್ತುತ್ತಿದ್ದೆ. ಆದರೆ ಕಥೆ ಮನಸ್ಸಿಗೆ ಇಳಿದ ಮೇಲೆ, ಹಾಡಿನಲ್ಲಿ ಎಲ್ಲಿ ಅವಸರ ಮಾಡಬೇಕು, ಎಲ್ಲಿ ತಡೆದು ನಿಲ್ಲಬೇಕು ಎಂಬುದು ಬೆರಳಿಗೆ ತಾನೇ ಗೊತ್ತಾಗುತ್ತಿತ್ತು.

ಅದೇ ಪದ್ಧತಿಯನ್ನು ಚಳ್ಳಕೆರೆಗೆ ತಂದೆ. ಜೊತೆಗೆ ಗಾರ್ಡ್ ಸಾಹೇಬರು ಬಿಸ್ಕತ್ತಿನ ಡಬ್ಬಿಯಲ್ಲಿ ತುಂಬಿ ಕೊಟ್ಟ ಕ್ಯಾಸೆಟ್ಟುಗಳನ್ನೂ ತಂದೆ. ಹಾಡುಗಳ ಇಂಗ್ಲಿಷ್ ಹೆಸರುಗಳು ನಮ್ಮ ಯಾರ ನಾಲಿಗೆಗೂ ಹತ್ತಲಿಲ್ಲವಾದ್ದರಿಂದ ಕಥೆಯೇ ಹೆಸರಾಯಿತು. ಘಾಟಿಯಲ್ಲಿ ಕೆಟ್ಟು ನಿಂತ ವ್ಯಾನಿನೊಳಗೆ ಬ್ಯಾಂಡಿನವರು ಕಟ್ಟಿದ್ದು ವ್ಯಾನ್ ಹಾಡು. ಸ್ಟುಡಿಯೋ ಸಿಗದೆ ಗೆಳೆಯನ ಅಡುಗೆಮನೆಯಲ್ಲಿ ರೆಕಾರ್ಡ್ ಮಾಡಿದ್ದು ಒಲೆ ಹಾಡು. ಗಿಟಾರಿನವನೂ ಡ್ರಮ್ಮಿನವನೂ ಮಾತು ಬಿಟ್ಟು, ಬೇರೆ ಬೇರೆ ದಿನ ಬಂದು ನುಡಿಸಿ ಹೋದದ್ದು ಜಗಳದ ಹಾಡು. ಇವತ್ತಿಗೂ ನಮ್ಮ ಸೀಮೆಯಲ್ಲಿ "ಲೇ, ಜಗಳದ ಹಾಡು ಬರ್ತೈತೇನೋ?" ಎಂದು ಯಾರಾದರೂ ಕೇಳಿದರೆ ಅವರು ನನ್ನ ಶಿಷ್ಯರೇ.

ಕಥೆ ಹೇಳುವುದರಲ್ಲಿ ಒಂದು ಅಪಾಯವಿದೆ. ಕೇಳುವವರು ಪ್ರಶ್ನೆ ಕೇಳುತ್ತಾರೆ. ವ್ಯಾನ್ ಹಾಡನ್ನು ಪಾಲಯ್ಯನಿಗೆ ಕಲಿಸುತ್ತಿದ್ದಾಗ ಅವನು ಅರ್ಧಕ್ಕೇ ಕೈ ನಿಲ್ಲಿಸಿದ.

"ಮೇಷ್ಟ್ರೇ, ವ್ಯಾನ್ ಏನಾತು?"

"ಯಾವ ವ್ಯಾನೋ?"

"ಕೆಟ್ಟು ನಿಂತಿತ್ತಲ್ಲ, ಅದು. ಇವರೆಲ್ಲ ಹಾಡು ಕಟ್ಕಂಡು ಕುಂತ್ರೆ ವ್ಯಾನ್ ನೋಡಿದೋರ್ ಯಾರು?"

ನನಗೆ ಗೊತ್ತಿರಲಿಲ್ಲ. ಗಾರ್ಡ್ ಸಾಹೇಬರಿಗೆ ಕಾರ್ಡ್ ಬರೆದೆ. ಹದಿನೈದು ದಿನಕ್ಕೆ ಉತ್ತರ ಬಂತು: ವ್ಯಾನ್ ಕ್ಷೇಮವಾಗಿದೆ, ನಿನ್ನ ಶಿಷ್ಯನಿಗೆ ಹಾಡಿನ ಎರಡನೇ ಭಾಗ ಬಂತೇ? ಪಾಲಯ್ಯನಿಗೆ ಇಷ್ಟರಲ್ಲಿ ಸಮಾಧಾನವಾಗಲಿಲ್ಲ. ಕೊನೆಗೆ ನಾನೇ ಒಬ್ಬ ಮೆಕ್ಯಾನಿಕ್ಕನ್ನು ಹುಟ್ಟಿಸಿ, ಅವನ ಕೈಗೆ ಸ್ಪ್ಯಾನರ್ ಕೊಟ್ಟು, ಸೈಕಲ್ ಮೇಲೆ ಘಾಟಿ ಹತ್ತಿಸಿದೆ. ಪಾಲಯ್ಯನ ಮುಖ ಅರಳಿತು, ಹಾಡೂ ಬಂತು. ಆವತ್ತು ನನಗೆ ಕೆಟ್ಟ ಚಾಳಿಯೊಂದು ಅಂಟಿತು. ಗೊತ್ತಿಲ್ಲ ಎನ್ನುವ ಬದಲು ಒಬ್ಬ ಮೆಕ್ಯಾನಿಕ್ಕನ್ನು ಕಳಿಸುವುದು ಸುಲಭ ಎಂದು ಕಂಡುಕೊಂಡೆ.

ವಾರಕ್ಕೆರಡು ದಿನ ಮೊಳಕಾಲ್ಮೂರಿನಲ್ಲಿ ಕ್ಲಾಸಿರುತ್ತಿತ್ತು. ಅಲ್ಲಿ ರೇಷ್ಮೆ ಸೀರೆ ನೇಯುವ ವೆಂಕಟರಮಣಪ್ಪನವರು ತಮ್ಮ ಪಡಸಾಲೆಯನ್ನು ಬಿಟ್ಟುಕೊಟ್ಟಿದ್ದರು. ಅವರ ಮಗಳು ಪದ್ಮಾವತಿಗೆ ಆಗ ಇಪ್ಪತ್ತು ತುಂಬಿರಬೇಕು. ಅಪ್ಪನ ಪಕ್ಕದ ಮಗ್ಗದಲ್ಲಿ ನೇಯುತ್ತಿದ್ದಳು, ಮಗ್ಗದಿಂದ ಎದ್ದವಳೇ ಗಿಟಾರ್ ಹಿಡಿಯುತ್ತಿದ್ದಳು. ಎಳೆ ಎಣಿಸಿ ಪಳಗಿದ ಬೆರಳು, ನಾನು ಆರು ವಾರದಲ್ಲಿ ಕಲಿತದ್ದನ್ನು ಎರಡು ವಾರದಲ್ಲಿ ಮುಗಿಸಿದಳು. ಕಿವಿ ಅದಕ್ಕಿಂತ ಚುರುಕು. ಒಂದು ಸ್ವರ ಅವಳ ಕಿವಿಯಲ್ಲಿ ಕೂತರೆ ಮತ್ತೆ ಏಳುತ್ತಿರಲಿಲ್ಲ. ಅಂಥ ಕಿವಿಗೆ ನಾನು ಏನು ಕೂರಿಸಿದೆ ಎಂಬುದೇ ಈ ಬರಹದ ವಿಷಯ.

ಒಂದು ಬುಧವಾರ ಪಾಠದ ನಡುವೆ ಟೇಪ್ ರೆಕಾರ್ಡರಿನೊಳಗಿನ ರಬ್ಬರ್ ಬೆಲ್ಟ್ ತುಂಡಾಯಿತು. ಹೊಸದಕ್ಕೆ ಬಳ್ಳಾರಿಗೋ ಚಿತ್ರದುರ್ಗಕ್ಕೋ ಹೋಗಬೇಕಿತ್ತು. ವೆಂಕಟರಮಣಪ್ಪನವರು ತುಂಡನ್ನು ಬೆಳಕಿಗೆ ಹಿಡಿದು ನೋಡಿದರು.

"ರಬ್ಬರಾ? ನಮ್ ಬಿಸಿಲಿಗೆ ಇದೆಂಗ್ ತಡೀತೈತೆ? ಉಂಡಂಡಿ, ಇರ್ರಿ ಮೇಷ್ಟ್ರೇ, ನಾನ್ ಮಾಡಿ ಕೊಡ್ತೀನಿ."

ಉಳಿದ ರೇಷ್ಮೆ ಎಳೆಗಳನ್ನು ಹೊಸೆದು, ಅವರ ರಾಟೆಗೆ ಹಾಕುವಂಥದೇ ಒಂದು ಸಣ್ಣ ಹುರಿ ಮಾಡಿದರು. ಗಂಟು ಎಲ್ಲಿದೆಯೆಂದು ಬೆರಳಿಗೂ ತಿಳಿಯುತ್ತಿರಲಿಲ್ಲ. ಮೇಣ ಸವರಿ, ಚಕ್ರಗಳಿಗೆ ತೊಡಿಸಿ, ಗುಂಡಿ ಒತ್ತಿದರು. ಒಲೆ ಹಾಡು ಬಂತು. ಎಲ್ಲರೂ ಚಪ್ಪಾಳೆ ತಟ್ಟಿದರು. ಜೊತೆಯಲ್ಲಿ ನಾನು ಗಿಟಾರ್ ಮೀಟಿದೆ. ಹೊಂದಲಿಲ್ಲ. ಹಾಡು ಅರ್ಧ ಸ್ವರ ಕೆಳಗಿತ್ತು.

ರೇಷ್ಮೆ ಹುರಿ ಒಂದಿಷ್ಟು ಜಾರುತ್ತಿತ್ತು, ಅದರಿಂದ ಟೇಪ್ ನಿಧಾನವಾಗಿ ಓಡುತ್ತಿತ್ತು, ಟೇಪ್ ನಿಧಾನವಾದರೆ ಸ್ವರ ಇಳಿಯುತ್ತದೆ. ಇದು ಚಿಕ್ಕ ಮಕ್ಕಳಿಗೂ ಹೊಳೆಯುವ ವಿಷಯ. ಆದರೆ ಹತ್ತು ಜನ ಶಿಷ್ಯರು ಎದುರಿಗೆ ಕೂತು ನನ್ನ ಬಾಯಿ ನೋಡುತ್ತಿದ್ದರು. ಗಾರ್ಡ್ ಸಾಹೇಬರು ತೀರಿಕೊಂಡು ಒಂದು ವರ್ಷವಾಗಿತ್ತು, ಕಾರ್ಡ್ ಬರೆಯಲು ಯಾರೂ ಇರಲಿಲ್ಲ. ಹಾಡುಗಾರನ ಗಂಟಲಿಗೆ ಅನುಕೂಲವಾಗಲೆಂದು ಕೆಲವು ಬ್ಯಾಂಡುಗಳು ತಂತಿಗಳನ್ನು ಅರ್ಧ ಸ್ವರ ಇಳಿಸುತ್ತಿದ್ದವು ಎಂದು ಅವರು ಯಾವತ್ತೋ ಹೇಳಿದ್ದು ನೆನಪಾಯಿತು. ಅಷ್ಟು ಸಾಕಾಯಿತು ನನಗೆ.

"ರಬ್ಬರ್ ಇದ್ದಾಗ ಟೇಪ್ ಜೋರಾಗಿ ಓಡ್ತಿತ್ತು. ಈಗ ರೇಷ್ಮೆ ನಿಜ ಹೇಳ್ತಾ ಐತೆ. ಈ ಹಾಡುಗಾರನಿಗೆ ಚಳಿಗೆ ಗಂಟಲು ಕಟ್ಟಿತ್ತು. ಅದಕ್ಕೆ ಬ್ಯಾಂಡಿನೋರೆಲ್ಲ ತಂತಿ ಇಳಿಸ್ಕೊಂಡ್ರು. ಎಲ್ಲಾ ಬಿರಡೆ ಸಡ್ಲಿಸ್ರಿ" ಎಂದೆ.

ಎಲ್ಲರೂ ಸಡಿಲಿಸಿದರು. ಮುಂದಿನ ಕ್ಯಾಸೆಟ್ ಹಾಕಿದೆವು, ಅದೂ ಅರ್ಧ ಸ್ವರ ಕೆಳಗೆ. ಅದರ ಮುಂದಿನದೂ.

"ಜಗಳದ ಹಾಡಿನೋರಿಗೂ ಗಂಟಲು ಕಟ್ಟಿತ್ತಾ ಮೇಷ್ಟ್ರೇ?" ಎಂದಳು ಪದ್ಮ.

"ಹ್ಞೂಂ."

"ವ್ಯಾನ್ ಹಾಡಿನೋರಿಗೂ?"

"ಅಲ್ಲಿ ಚಳಿ ಜಾಸ್ತಿ ಪದ್ಮಾ. ಎಲ್ಲಾರ್ಗೂ ಕಟ್ತೈತೆ."

ನಂಬಿದಳು. ಗುರು ಹೇಳಿದ್ದಲ್ಲವೇ! ಆಮೇಲೆ ಆ ಕಥೆ ವರ್ಷ ವರ್ಷಕ್ಕೂ ದಪ್ಪವಾಯಿತು, ಹೇಳಿ ಹೇಳಿ ನಾನೂ ಅದನ್ನು ನಂಬಿಬಿಟ್ಟೆ. ಹಾಡುಗಾರನಿಗೆ ಒಬ್ಬ ಅವ್ವ ಬಂದಳು. ಅವಳು ಮೆಣಸಿನ ಕಷಾಯ ಕಾಯಿಸಿಕೊಟ್ಟಳು. ಮಗ ಕಷಾಯದ ಲೋಟ ಹಿಡಿದುಕೊಂಡೇ ಮೈಕಿನ ಮುಂದೆ ನಿಂತ. ಇಂಗ್ಲೆಂಡಿನಲ್ಲಿ ಮೆಣಸಿನ ಕಷಾಯ ಯಾರು ಕುಡಿಯುತ್ತಾರೆ ಎಂದು ಮೊಳಕಾಲ್ಮೂರಿನಲ್ಲಿ ಒಬ್ಬರೂ ಕೇಳಲಿಲ್ಲ. ಚಳ್ಳಕೆರೆಯ ಕ್ಲಾಸಿಗೂ ಅದೇ ಟೇಪ್ ರೆಕಾರ್ಡರ್ ಹೊತ್ತು ತರುತ್ತಿದ್ದರಿಂದ ಎರಡು ತಾಲ್ಲೂಕಿನ ಗಿಟಾರುಗಳೂ ಅರ್ಧ ಸ್ವರ ಇಳಿದವು.

ಕಾಲ ಬದಲಾಯಿತು. ಕ್ಯಾಸೆಟ್ ಹೋಗಿ ಸೀಡಿ ಬಂತು, ಸೀಡಿ ಹೋಗಿ ಫೋನ್ ಬಂತು. ನಾನು ಅವನ್ನೆಲ್ಲ ಬಾಗಿಲಲ್ಲೇ ತಡೆದೆ. ಫೋನಿನಲ್ಲಿ ಹಾಡು ಮೇಲಿದೆಯಲ್ಲ ಎಂದು ಯಾರಾದರೂ ಕೇಳಿದರೆ, "ಅದು ಗಂಟಲು ವಾಸಿ ಆದ್ಮೇಲೆ ಹಾಡಿದ್ದು" ಎನ್ನುತ್ತಿದ್ದೆ. ಪಾಲಯ್ಯ ಒಮ್ಮೆ ಗಿಟಾರಿನ ತಲೆಗೆ ಸಿಕ್ಕಿಸುವ ಟ್ಯೂನರ್ ತಂದ, ಶ್ರುತಿ ಸರಿಯಿದ್ದರೆ ಹಸಿರು, ತಪ್ಪಿದ್ದರೆ ಕೆಂಪು ದೀಪ ತೋರಿಸುವಂಥದು.

"ಕೆಂಪೇ ತೋರಿಸ್ತೈತಲ್ರೀ ಮೇಷ್ಟ್ರೇ!"

"ಅದಕ್ಕೆ ಕಥೆ ಗೊತ್ತಿಲ್ಲ ಕಣೋ" ಎಂದೆ. ಅವನು ತಲೆಯಾಡಿಸಿ ಅದನ್ನು ಜೇಬಿಗಿಟ್ಟುಕೊಂಡ. ಗಿಟಾರಿನ ಕತ್ತಿಗೆ ಹಾಕಿ ಸ್ವರ ಏರಿಸುವ ಕೇಪೋ ಎಂಬ ಕ್ಲಿಪ್ಪಿಗೂ ನನ್ನ ಕ್ಲಾಸಿನಲ್ಲಿ ಪ್ರವೇಶವಿರಲಿಲ್ಲ. ಕೈಲಾಗದವರ ಊರುಗೋಲು ಎಂದು ಅದನ್ನು ಹೀಯಾಳಿಸುತ್ತಿದ್ದೆ. ಈಗ ನೆನೆಸಿಕೊಂಡರೆ ಕಿವಿ ಬಿಸಿಯಾಗುತ್ತದೆ.

ಇನ್ನು ದೊಡ್ಡ ದಿನಕ್ಕೆ ಬರುತ್ತೇನೆ. ಪದ್ಮಳಿಗೆ ನಲವತ್ತು ದಾಟಿತ್ತು. ಮಗ್ಗದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ಕೂತು ಕೂತು ಮಂಡಿ ಸವೆದಿತ್ತು. ಇನ್ನೊಂದು ವರ್ಷ ಹೀಗೇ ತುಳಿದರೆ ನಡೆಯುವುದೇ ಕಷ್ಟ ಎಂದು ಡಾಕ್ಟರು ಹೇಳಿದ್ದರು. ಅದೇ ಹೊತ್ತಿಗೆ ಚಳ್ಳಕೆರೆ ದಾರಿಯ ಒಂದು ವಸತಿ ಶಾಲೆಯವರಿಗೆ ಗಿಟಾರ್ ಕಲಿಸುವ ಟೀಚರ್ ಬೇಕಿತ್ತು. ಪದ್ಮ ಅರ್ಜಿ ಹಾಕಿದಳು. ತನಗೆ ಬರುವ ಹಾಡುಗಳ ಪಟ್ಟಿಯನ್ನೂ, ಕ್ಯಾಸೆಟ್ಟಿನ ಮೇಲಿನ ಇಂಗ್ಲಿಷ್ ಹೆಸರು ನೋಡಿ ಬರೆದು, ಕೊಟ್ಟಿದ್ದಳು. ಅದರಿಂದ ಒಲೆ ಹಾಡನ್ನು ಆರಿಸಿ, ಶಾಲೆಯ ಕೀಬೋರ್ಡ್ ಮೇಷ್ಟ್ರು ನಲವತ್ತು ಮಕ್ಕಳಿಗೆ ಹೇಳಿಕೊಟ್ಟಿದ್ದರು. ಅವರ ಜೊತೆ ಪದ್ಮ ನುಡಿಸಿ ತೋರಿಸಬೇಕು. ಒಂದೇ ಹುದ್ದೆ.

"ಇದು ಸಿಕ್ಕಿಲ್ಲ ಅಂದ್ರೆ ಮತ್ತೆ ಗುಂಡಿಗೇ ಇಳೀಬೇಕು ಮೇಷ್ಟ್ರೇ. ನೀವು ಜೊತೆಗೆ ಬರ್ರಿ, ಧೈರ್ಯ ಇರ್ತೈತೆ" ಎಂದಳು. ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಹೋದೆ.

ಸಭಾಂಗಣದಲ್ಲಿ ಮುಖ್ಯೋಪಾಧ್ಯಾಯಿನಿ ಮುಂದಿನ ಸಾಲಿನಲ್ಲಿ ಕೂತಿದ್ದರು. ಪದ್ಮ ಯಾವ ಯಂತ್ರವನ್ನೂ ಕೇಳದೆ, ಕಿವಿಯಿಂದಲೇ ಶ್ರುತಿ ಮಾಡಿಕೊಂಡಳು. ನನಗೆ ಹೆಮ್ಮೆಯೋ ಹೆಮ್ಮೆ. ಕೀಬೋರ್ಡ್ ಮೇಷ್ಟ್ರು ಸನ್ನೆ ಮಾಡಿದರು, ಹಾಡು ಶುರುವಾಯಿತು. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಎನ್ನುತ್ತಾರಲ್ಲ, ಕೀಬೋರ್ಡಿಗೂ ಗಿಟಾರಿಗೂ ಹಾಗಾಯಿತು. ಮಕ್ಕಳು ಯಾರ ಹಿಂದೆ ಹೋಗಬೇಕೋ ತಿಳಿಯದೆ ನಿಂತರು. ಇಬ್ಬರು ಹುಡುಗಿಯರು ಕಿವಿ ಮುಚ್ಚಿಕೊಂಡರು.

"ಮೇಡಂ, ನಿಮ್ಮ ಗಿಟಾರ್ ಅರ್ಧ ಸ್ವರ ಕೆಳಗಿದೆ" ಎಂದರು ಕೀಬೋರ್ಡ್ ಮೇಷ್ಟ್ರು.

"ಕೆಳಗೇ ಇರ್ಬೇಕು ಸಾರ್. ಅದಕ್ಕೊಂದು ಕಥೆ ಐತೆ" ಎಂದು ಪದ್ಮ ಶುರು ಮಾಡಿದಳು. ಚಳಿ, ಕಟ್ಟಿದ ಗಂಟಲು, ಅವ್ವ, ಕಷಾಯ, ಲೋಟ. ನನಗಿಂತ ಚೆನ್ನಾಗಿ ಹೇಳಿದಳು. ಮಕ್ಕಳು ಬಾಯಿ ಬಿಟ್ಟುಕೊಂಡು ಕೇಳಿದರು. ಕೀಬೋರ್ಡ್ ಮೇಷ್ಟ್ರು ಒಳ್ಳೆಯ ಮನುಷ್ಯ, ಕೇಳಿ ಮುಗಿಸಿ, ಫೋನಿನಿಂದ ಮೂಲ ಹಾಡನ್ನು ಸ್ಪೀಕರಿಗೆ ಹಾಕಿದರು. ಅದು ಕೀಬೋರ್ಡಿಗೆ ಸರಿಯಾಗಿ ಕೂತಿತು.

"ಅದು ಗಂಟಲು ವಾಸಿ ಆದ್ಮೇಲೆ ಹಾಡಿದ್ದು ಸಾರ್" ಎಂದಳು ಪದ್ಮ.

"ಇಲ್ಲ ಮೇಡಂ, ಇದು ಮೊದಲನೇ ರೆಕಾರ್ಡಿಂಗೇ. ಇಲ್ಲೇ ಬರೆದಿದ್ದಾರೆ ನೋಡಿ. ಅಡುಗೆಮನೆಯಲ್ಲಿ ಮಾಡಿದ್ದು."

ಮುಖ್ಯೋಪಾಧ್ಯಾಯಿನಿ ನನ್ನ ಕಡೆ ತಿರುಗಿದರು. "ನೀವು ಇವರ ಗುರುಗಳಲ್ವಾ? ಯಾವುದು ಸರಿ, ನೀವೇ ಹೇಳಿ."

ಅಡುಗೆಮನೆ ಎಂಬ ಮಾತು ಕೇಳಿದ ಕೂಡಲೇ, ನಮ್ಮ ಕ್ಯಾಸೆಟ್ಟಿನಲ್ಲಿದ್ದದ್ದೂ ಇದೇ ರೆಕಾರ್ಡಿಂಗ್ ಎಂದು ತಿಳಿದು, ನನಗೆ ಎಲ್ಲ ಹೊಳೆದಿತ್ತು. ರಾಟೆಯ ಹುರಿ, ಮೇಣ, ಜಾರುವ ಟೇಪು. ಆದರೂ ಒಂದು ಕ್ಷಣ ನಾಚಿಕೆಗೆಟ್ಟ ಯೋಚನೆ ಬಂತು. ಗಾಬರಿಯಲ್ಲಿ ಆಕೆ ಶ್ರುತಿ ತಪ್ಪಿಸಿದ್ದಾಳೆ ಎಂದುಬಿಟ್ಟರೆ ನನ್ನ ಮಾನ ಉಳಿಯುತ್ತಿತ್ತು, ಅವಳ ಕೆಲಸ ಹೋಗುತ್ತಿತ್ತು. ಪದ್ಮ ನನ್ನನ್ನೇ ನೋಡುತ್ತಿದ್ದಳು, ನಾನು ತನ್ನ ಕಡೆ ಹೇಳುತ್ತೇನೆಂಬ ಪೂರ್ತಿ ನಂಬಿಕೆಯಿಂದ. ಆ ನೋಟದ ಎದುರಿಗೆ ನನ್ನ ಚಾಳಿ ಸೋತಿತು. ಎದ್ದು ನಿಂತೆ.

"ಆಕೆ ಕಿವಿ ಸರಿ ಐತೆ ಮೇಡಂ. ನಾನು ಕೊಟ್ಟ ಸ್ವರಾನೇ ತಪ್ಪು. ಗಂಟಲು ಕಟ್ಟಿದ ಕಥೆ ಪೂರಾ ನಾನು ಕಟ್ಟಿದ್ದು."

ಟೇಪ್ ರೆಕಾರ್ಡರಿನ ಸಂಗತಿಯನ್ನು ಮೊದಲಿಂದ ಕೊನೆಯವರೆಗೆ ಹೇಳಿದೆ. ಮಕ್ಕಳಿಗೆ ಈ ಕಥೆ ಮೊದಲಿನದಕ್ಕಿಂತ ಹಿಡಿಸಿತು. ನನ್ನ ಅಂಗಿ ಬೆನ್ನಿಗೆ ಅಂಟಿಕೊಂಡಿತ್ತು.

"ಇಪ್ಪತ್ತು ವರ್ಷವಾ?" ಎಂದರು ಮುಖ್ಯೋಪಾಧ್ಯಾಯಿನಿ.

"ಇಪ್ಪತ್ತೆರಡು ಮೇಡಂ."

ಪದ್ಮಳ ಮುಖ ಕೆಂಪಾಗಿತ್ತು. "ಇದನ್ನ ನಿನ್ನೆ ಹೇಳ್ಬಾರ್ದಿತ್ತಾ ಮೇಷ್ಟ್ರೇ?"

"ನಿನ್ನೆ ನನಗೂ ಗೊತ್ತಿರ್ಲಿಲ್ಲಮ್ಮ."

ಅವಳು ಗಿಟಾರಿನ ಕತ್ತನ್ನು ಮೇಲಿಂದ ಕೆಳಗೆ ನೋಡಿದಳು. ಬಿರಡೆಗೆ ಕೈ ಹಾಕಿ, ಮತ್ತೆ ತೆಗೆದಳು. "ತಂತಿ ಹಳೇವು. ಈಗ ಬಿಗಿದ್ರೆ ಹಾಡು ಮುಗಿಯೋದ್ರೊಳಗೆ ಇಳೀತಾವೆ" ಎಂದು ತನಗೆ ತಾನೇ ಹೇಳಿಕೊಂಡಳು. ಆಮೇಲೆ ಮುಂದೆ ನಿಂತಿದ್ದ ಹುಡುಗಿಯಿಂದ ಒಂದು ಪೆನ್ಸಿಲ್ ಇಸಿದುಕೊಂಡಳು. ಜಡೆಯ ರಬ್ಬರ್ ಬ್ಯಾಂಡ್ ಬಿಚ್ಚಿ, ಪೆನ್ಸಿಲನ್ನು ಕತ್ತಿನ ಮೊದಲ ಮೆಟ್ಟಿನ ಮೇಲೆ ಅಡ್ಡ ಇಟ್ಟು, ಎಳೆ ಜಗ್ಗುವ ಕೈಯಿಂದ ಬಿಗಿಯಾಗಿ ಸುತ್ತಿದಳು. ಅರ್ಧ ಸ್ವರ ಕೆಳಗಿದ್ದ ಆರು ತಂತಿಗಳೂ ಒಟ್ಟಿಗೆ ಅರ್ಧ ಸ್ವರ ಏರಿದವು. ನಾನು ಊರುಗೋಲು ಎಂದು ಹೀಯಾಳಿಸುತ್ತಿದ್ದ ಕೇಪೋವನ್ನು ಅವಳು ಕಣ್ಣಿಂದ ಕೂಡ ಕಂಡಿರಲಿಲ್ಲ, ತಾನೇ ಯೋಚಿಸಿ ಮಾಡಿಕೊಂಡಳು.

"ನಾನು ತಪ್ಪಿದ್ದೆ, ಈಗ ಸರಿ ಮಾಡ್ಕಂಡಿದೀನಿ. ಬರ್ರಿ, ಮೊದ್ಲಿಂದ ಹಾಡಾಣ" ಎಂದಳು ಮಕ್ಕಳಿಗೆ.

ಆ ಹಾಡನ್ನು ನಾನು ಸಾವಿರ ಸಲ ಕೇಳಿದ್ದೇನೆ. ಅವತ್ತಿನಷ್ಟು ಚೆನ್ನಾಗಿ ಎಂದೂ ಕೇಳಿರಲಿಲ್ಲ. ನಲವತ್ತು ಮಕ್ಕಳು ಎದೆ ತುಂಬಿ ಹಾಡಿದರು, ಕೀಬೋರ್ಡ್ ಮೇಷ್ಟ್ರು ತಲೆ ಕುಣಿಸುತ್ತ ನುಡಿಸಿದರು, ಬಿಚ್ಚಿದ ಜಡೆಯ ಪದ್ಮ ನಡುವೆ ನಿಂತು ನಗುತ್ತ ಮೀಟಿದಳು. ನನಗೆ ಕಣ್ಣಲ್ಲಿ ನೀರು ಬಂತು. ನಾಚಿಕೆ ಅದರಲ್ಲಿ ಇತ್ತು, ಸಂತೋಷ ಅದಕ್ಕಿಂತ ಹೆಚ್ಚಿತ್ತು.

ಹಾಡು ಮುಗಿದ ಮೇಲೆ ಮುಖ್ಯೋಪಾಧ್ಯಾಯಿನಿ ಒಂದೇ ಪ್ರಶ್ನೆ ಕೇಳಿದರು. "ಮಕ್ಕಳ ಎದುರಿಗೆ ಪಾಠ ತಪ್ಪಿದರೆ ಏನು ಮಾಡ್ತೀರಿ?"

ಇದನ್ನು ಯಾಕೆ ಕೇಳುತ್ತಾರೆಂದೇ ಪದ್ಮಳಿಗೆ ಅರ್ಥವಾಗಲಿಲ್ಲ. "ಈಗ ಮಾಡಿದ್ನಲ್ಲ ಮೇಡಂ, ಹಂಗೇ" ಎಂದಳು.

ವಿಷಯ ತಿಳಿಸುತ್ತೇವೆ ಎಂದು ಕಳಿಸಿಕೊಟ್ಟರು. ಬಸ್ಸಿನಲ್ಲಿ ಅವಳು ಕಿಟಕಿ ಕಡೆ ಮುಖ ಮಾಡಿ ಕೂತಳು. ಬೈದರೆ ಬೈಯಲಿ ಎಂದು ನಾನು ಪಕ್ಕದಲ್ಲೇ ಕೂತೆ. ಒಂದೆರಡು ಸ್ಟಾಪ್ ದಾಟಿದ ಮೇಲೆ ತಿರುಗಿದಳು.

"ಆ ಮೆಣಸಿನ ಕಷಾಯಾನೂ ಸುಳ್ಳಾ ಮೇಷ್ಟ್ರೇ?"

"ಹ್ಞೂಂ."

"ಆ ಅವ್ವ?"

"ಅವ್ವಾನೂ."

ಅವಳಿಗೆ ನಗು ತಡೆಯಲಾಗಲಿಲ್ಲ. ಸೆರಗು ಬಾಯಿಗಿಟ್ಟುಕೊಂಡು ಎಷ್ಟು ನಕ್ಕಳೆಂದರೆ ಕಂಡಕ್ಟರ್ ಬಂದು ಏನಾಯಿತೆಂದು ಕೇಳಿದ. ಅವನಿಗೂ ಹೇಳಿದಳು. ಮೊಳಕಾಲ್ಮೂರು ಬರುವಷ್ಟರಲ್ಲಿ ಅರ್ಧ ಬಸ್ಸಿಗೆ ನನ್ನ ಕಥೆ ಗೊತ್ತಾಗಿತ್ತು.

ವೆಂಕಟರಮಣಪ್ಪನವರಿಗೆ ಈಗ ಎಂಬತ್ತರ ಹತ್ತಿರ. ಅವರಿಗೆ ಬೇಸರವಾಗದಂತೆ ಹೇಗೆ ಹೇಳುವುದು ಎಂದು ನಾನು ತಡವರಿಸುತ್ತಿದ್ದೆ. ಅವರು ಪೂರ್ತಿ ಕೇಳಿಸಿಕೊಂಡು, ಮಗಳ ಕಡೆ ನೋಡಿ, "ಅಂದ್ರೆ ನಾನು ಹೊಸೆದ ಹುರಿ ಇಪ್ಪತ್ತೆರಡು ವರ್ಷ ತುಂಡಾಗಿಲ್ಲ! ರಬ್ಬರ್ ತಡೀತಿತ್ತೇನೇ?" ಎಂದರು. ಆ ವಾರವೆಲ್ಲ ಮನೆಗೆ ಬಂದವರಿಗೆಲ್ಲ ಅದನ್ನೇ ಹೇಳಿದರಂತೆ.

ನಾನು ಹಳೆಯ ಶಿಷ್ಯರಿಗೆಲ್ಲ ಒಬ್ಬೊಬ್ಬರಿಗೂ ಫೋನ್ ಮಾಡಿ ತಪ್ಪೊಪ್ಪಿಕೊಂಡೆ. ಬಿರಡೆ ಅರ್ಧ ಸ್ವರ ಬಿಗಿಯಿರಿ, ಕಥೆಯನ್ನು ಮರೆತುಬಿಡಿ ಎಂದೆ. ಕೆಲವರು ನಕ್ಕರು, ಇಬ್ಬರು ಮುನಿಸಿಕೊಂಡರು, ಮುನಿಸು ನ್ಯಾಯವೇ. ಪಾಲಯ್ಯ ಮಾತ್ರ ಬೇರೆಯದನ್ನೇ ಕೇಳಿದ.

"ಹಂಗಾರೆ ಆ ವ್ಯಾನ್ ಮೆಕ್ಯಾನಿಕ್ಕು?"

"ಅವನೂ ಇಲ್ಲ ಪಾಲಯ್ಯ."

"ಅವನು ಇರ್ಲಿ ಬಿಡ್ರಿ ಮೇಷ್ಟ್ರೇ" ಎಂದ.

ಹದಿನೈದನೇ ದಿನಕ್ಕೆ ಪದ್ಮಳಿಗೆ ಕೆಲಸ ಸಿಕ್ಕಿತು. ಶಾಲೆ ಶುರುವಾದ ಮೊದಲ ವಾರ ನನ್ನನ್ನು ಕರೆಸಿಕೊಂಡಳು. ಹಿಂದಿನ ಬೆಂಚಿನಲ್ಲಿ ಕೂರಿಸಿ, ಪಾಠ ಶುರು ಮಾಡಿದಳು. ಎಲ್ಲರ ಗಿಟಾರಿಗೂ ಟ್ಯೂನರ್ ಸಿಕ್ಕಿಸಿ ಹಸಿರು ದೀಪ ನೋಡಿದ ಮೇಲೆ, ಗಿಟಾರುಗಳನ್ನು ಕೆಳಗಿಡಿಸಿ, ಕಥೆ ಹೇಳಿದಳು. ಆ ಪದ್ಧತಿಯನ್ನು ಅವಳು ಬಿಟ್ಟಿಲ್ಲ. ಅಂದಿನದು ಒಲೆ ಹಾಡಿನ ಕಥೆ. ಮುಗಿಸುವಷ್ಟರಲ್ಲಿ ಮುಂದಿನ ಸಾಲಿನ ಹುಡುಗಿಯೊಬ್ಬಳು ಕೈ ಎತ್ತಿದಳು.

"ಮಿಸ್, ಅವತ್ತು ಆ ಒಲೆ ಮೇಲೆ ಏನು ಬೇಯ್ತಿತ್ತು?"

ನನ್ನ ನಾಲಿಗೆ ತುರಿಸಿತು. ಒಂದು ಪಾತ್ರೆ, ಅದರಲ್ಲಿ ಕುದಿಯುವ ಹುರುಳಿ ಸಾರು, ಮುಚ್ಚಳ ಕುಣಿಯುವ ಸದ್ದಿನಿಂದ ಹುಟ್ಟಿದ ತಾಳ, ಎಲ್ಲವೂ ಅರೆಕ್ಷಣದಲ್ಲಿ ತಯಾರಾಯಿತು. ಪದ್ಮ ಹಿಂದಿನ ಬೆಂಚಿಗೆ ಒಂದು ನೋಟ ಹಾಕಿದಳು.

"ಗೊತ್ತಿಲ್ಲ ಕಣಮ್ಮ" ಎಂದಳು ಹುಡುಗಿಗೆ. "ಹಿಂದ್ಗಡೆ ನಮ್ ಮೇಷ್ಟ್ರು ಕುಂತವ್ರೆ, ಅವರನ್ನೂ ಕೇಳು."

ಇಡೀ ಕ್ಲಾಸು ನನ್ನ ಕಡೆ ತಿರುಗಿತು. ಎದ್ದು ನಿಂತೆ.

"ನನಗೂ ಗೊತ್ತಿಲ್ಲಮ್ಮ" ಎಂದೆ.

ಮೂವತ್ತೊಂದು ವರ್ಷ ಪಾಠ ಹೇಳಿದವನು ಕ್ಲಾಸಿನಲ್ಲಿ ಆ ಮಾತು ಆಡಿದ್ದು ಅದೇ ಮೊದಲು.